ದನಿಯೇ ದಾಖಲೆ: ದೀಪಾ ಧನರಾಜ್ ಅವರ ಸಾಕ್ಷ್ಯಚಿತ್ರಗಳು ಮತ್ತು ಹಾಸನ ಸೀಮೆಯ ಓದು

೧. ಪ್ರವೇಶ

ಕನ್ನಡ ಚಲನಚಿತ್ರದ ಚರಿತ್ರೆಯನ್ನು ೧೯೩೪ರ 'ಸತಿ ಸುಲೋಚನಾ'ದಿಂದ ಆರಂಭಿಸಿ, ೧೯೭೦ರ 'ಸಂಸ್ಕಾರ'ದ ಬಳಿ ಕೊಂಚ ನಿಂತು, ಅಲ್ಲಿಂದ ಹೊಸ ಅಲೆಯ ಚಿತ್ರಗಳತ್ತ ಹೊರಳುವ ಕ್ರಮ ರೂಢಿಯಲ್ಲಿದೆ. ಜನಪ್ರಿಯ ಧಾರೆಯಾಗಲಿ, ಕಲಾತ್ಮಕ ಧಾರೆಯಾಗಲಿ, ಈ ಚರಿತ್ರೆಯಲ್ಲಿ ಪ್ರಾಶಸ್ತ್ಯ ಪಡೆದಿರುವುದು ಕಥಾಚಿತ್ರವೇ. ಸಾಕ್ಷ್ಯಚಿತ್ರಕ್ಕೆ ದೊರೆಯುವುದು ಹೆಚ್ಚೆಂದರೆ ಅನುಬಂಧದ ಒಂದೆರಡು ಪುಟ. ಅದರಲ್ಲೂ ಕರ್ನಾಟಕದ ನೆಲದಲ್ಲಿ ತಯಾರಾಗಿ, ಕನ್ನಡವಲ್ಲದ ಭಾಷೆಯಲ್ಲಿ ಮಾತನಾಡುವ ಸಾಕ್ಷ್ಯಚಿತ್ರಕ್ಕೆ ಆ ಅನುಬಂಧದಲ್ಲೂ ಜಾಗವಿರುವುದಿಲ್ಲ. ಭಾಷೆಯನ್ನು ಗಡಿಯಾಗಿ ಇಟ್ಟುಕೊಂಡ ಚರಿತ್ರೆ ಆ ನೆಲದ ಮೇಲೆ ದುಡಿದವರನ್ನು ಹೊರಗಿಟ್ಟಾಗ ನಷ್ಟ ಯಾರದು ಎಂಬ ಪ್ರಶ್ನೆ ಇಲ್ಲಿ ಏಳುತ್ತದೆ.

ಹೈದರಾಬಾದಿನಲ್ಲಿ ಹುಟ್ಟಿ, ಬೆಂಗಳೂರನ್ನು ತಮ್ಮ ನೆಲೆಯಾಗಿಸಿಕೊಂಡು, ನಾಲ್ಕು ದಶಕಗಳಿಗೂ ಮೀರಿ ಸಾಕ್ಷ್ಯಚಿತ್ರಗಳನ್ನು ನಿರ್ಮಿಸಿರುವ ದೀಪಾ ಧನರಾಜ್ ಅವರ ಕೃತಿಗಳನ್ನು ಮುಂದಿಟ್ಟುಕೊಂಡು ಈ ಪ್ರಶ್ನೆಯನ್ನು ಚರ್ಚಿಸುವುದು ಪ್ರಸ್ತುತ ಪ್ರಬಂಧದ ಉದ್ದೇಶ. ಅವರ ಚಿತ್ರಗಳ ಬಗ್ಗೆ ಸ್ತ್ರೀವಾದಿ ಅಧ್ಯಯನಗಳಲ್ಲಿ ಸಾಕಷ್ಟು ಚರ್ಚೆ ನಡೆದಿದೆ. ಇಲ್ಲಿ ಅವುಗಳನ್ನು ಕರ್ನಾಟಕದ ಒಂದು ನಿರ್ದಿಷ್ಟ ಸೀಮೆಯಿಂದ, ಅಂದರೆ ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ ತಾಲ್ಲೂಕುಗಳ ಅನುಭವ ಮತ್ತು ಸಾಹಿತ್ಯದ ನೆಲೆಯಿಂದ ನೋಡುವ ಪ್ರಯತ್ನವಿದೆ. ಈ ಸೀಮೆಯ ಲೇಖಕರು ಕಥೆ, ಕಾದಂಬರಿ, ಪ್ರಬಂಧಗಳಲ್ಲಿ ಎತ್ತಿದ ಕೆಲವು ಪ್ರಶ್ನೆಗಳನ್ನೇ ದೀಪಾ ಧನರಾಜ್ ಬೇರೊಂದು ಮಾಧ್ಯಮದಲ್ಲಿ ಎದುರಿಸಿದ್ದಾರೆ. ಎರಡನ್ನೂ ಒಟ್ಟಿಗೆ ಓದಿದಾಗ ಪರಸ್ಪರ ಬೆಳಕು ಬೀಳುತ್ತದೆ.

೨. ಯಾರ ಕಣ್ಣು, ಯಾರ ದನಿ

ಬಡವರ ಬದುಕನ್ನು ಕ್ಯಾಮೆರಾದಲ್ಲಿ ಹಿಡಿಯುವ ಪ್ರಯತ್ನಕ್ಕೆ ದೀರ್ಘವಾದ ಇತಿಹಾಸವಿದೆ. ಡೆನ್ಮಾರ್ಕಿನ ರೀಬೆ ಪಟ್ಟಣದಲ್ಲಿ ೧೮೪೯ರಲ್ಲಿ ಹುಟ್ಟಿ ಅಮೆರಿಕಕ್ಕೆ ವಲಸೆ ಹೋದ ಪತ್ರಕರ್ತ ಜೇಕಬ್ ರೀಸ್, ನ್ಯೂಯಾರ್ಕಿನ ಕೊಳೆಗೇರಿಗಳ ಚಿತ್ರಗಳನ್ನೊಳಗೊಂಡ ಪುಸ್ತಕವನ್ನು ೧೮೯೦ರಲ್ಲಿ ಪ್ರಕಟಿಸಿದ. ವಸತಿ ಸುಧಾರಣೆಗೆ ಆ ಪುಸ್ತಕದಿಂದ ದೊರೆತ ಒತ್ತಾಸೆ ದೊಡ್ಡದು. ಆದರೆ ಅದರ ಕೆಲವು ಚಿತ್ರಗಳು ತೆಗೆಯಲ್ಪಟ್ಟ ರೀತಿಯನ್ನು ಮರೆಯಲಾಗದು. ರಾತ್ರಿಯ ಹೊತ್ತು ಕಿಕ್ಕಿರಿದ ಕೋಣೆಗಳಿಗೆ ನುಗ್ಗಿ, ಮದ್ದಿನ ಪುಡಿ ಹೊತ್ತಿಸಿ ಬೆಳಕು ಮಾಡಿ, ನಿದ್ದೆಗಣ್ಣಿನ ಜನರ ಮುಖಗಳನ್ನು ಸೆರೆಹಿಡಿಯಲಾಗಿತ್ತು. ಉದ್ದೇಶ ಒಳ್ಳೆಯದಾಗಿದ್ದರೂ ಚಿತ್ರದಲ್ಲಿರುವವರಿಗೆ ಅದರ ಮೇಲೆ ಯಾವ ಹಕ್ಕೂ ಇರಲಿಲ್ಲ. ಸಾಮಾಜಿಕ ಕಾಳಜಿಯ ಸಾಕ್ಷ್ಯಚಿತ್ರ ಹುಟ್ಟಿನಿಂದಲೇ ಹೊತ್ತು ತಂದ ಇಕ್ಕಟ್ಟು ಇದು.

ಭಾರತದಲ್ಲಿ ಈ ಇಕ್ಕಟ್ಟಿಗೆ ಪ್ರಭುತ್ವದ ಆಯಾಮವೂ ಸೇರಿಕೊಂಡಿತು. ೧೯೪೮ರಲ್ಲಿ ಸ್ಥಾಪನೆಯಾದ ಫಿಲ್ಮ್ಸ್ ಡಿವಿಜನ್ ತಯಾರಿಸಿದ ಕಿರುಚಿತ್ರಗಳನ್ನು ಚಿತ್ರಮಂದಿರಗಳು ಮುಖ್ಯ ಚಿತ್ರಕ್ಕೆ ಮೊದಲು ಕಡ್ಡಾಯವಾಗಿ ತೋರಿಸಬೇಕಿತ್ತು. ಹಾಸನದಂಥ ಜಿಲ್ಲಾ ಕೇಂದ್ರದ ಪ್ರೇಕ್ಷಕನಿಗೂ ತಾಲ್ಲೂಕಿನ ಟೂರಿಂಗ್ ಟಾಕೀಸಿನ ಪ್ರೇಕ್ಷಕನಿಗೂ ಸಾಕ್ಷ್ಯಚಿತ್ರವೆಂದರೆ ಇದೇ ಆಗಿತ್ತು: ಅಣೆಕಟ್ಟು, ಕಾರ್ಖಾನೆ, ಸುಧಾರಿತ ಬೀಜ, ಚಿಕ್ಕ ಸಂಸಾರ, ಇವೆಲ್ಲಕ್ಕೂ ಮೇಲಿನಿಂದ ವಿವರಣೆ ಕೊಡುವ, ಮುಖ ಕಾಣಿಸದ, ಸಾಮಾನ್ಯವಾಗಿ ಗಂಡಸಿನ, ಗಂಭೀರ ಕಂಠ. ಆ ಕಂಠ ಜನರ ಬಗ್ಗೆ ಮಾತನಾಡುತ್ತಿತ್ತು, ಜನರಿಗೆ ಉಪದೇಶಿಸುತ್ತಿತ್ತು. ಜನರ ಮಾತನ್ನು ಕೇಳುವುದು ಮಾತ್ರ ಅಪರೂಪವಾಗಿತ್ತು. ೧೯೬೭ರ ಸುಮಾರಿಗೆ ಎಸ್. ಎನ್. ಎಸ್. ಶಾಸ್ತ್ರಿ, ಸುಖದೇವ್ ಮೊದಲಾದವರು ಆ ಸಂಸ್ಥೆಯ ಒಳಗಿದ್ದೇ ಪ್ರಯೋಗಗಳನ್ನು ಮಾಡಿದರೂ ಒಟ್ಟು ಚಹರೆ ಬದಲಾಗಲಿಲ್ಲ. ೨೦೨೨ರಲ್ಲಿ ಫಿಲ್ಮ್ಸ್ ಡಿವಿಜನ್ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನಗೊಂಡಿತು. ಆದರೆ ಅದು ರೂಢಿಸಿದ ವಿವರಣೆಯ ಕಂಠ ಇಂದಿನ ದೂರದರ್ಶನ ವರದಿಗಳಲ್ಲೂ ಇಲಾಖೆಗಳ ಪ್ರಚಾರಚಿತ್ರಗಳಲ್ಲೂ ಕೇಳಿಸುತ್ತಲೇ ಇದೆ.

೧೯೭೫-೭೭ರ ತುರ್ತು ಪರಿಸ್ಥಿತಿ ಈ ಕಂಠದ ಮೇಲಿನ ನಂಬಿಕೆಯನ್ನು ಒಡೆಯಿತು. 'ಸಂಸ್ಕಾರ'ದ ಚಂದ್ರಿಯಾಗಿ ಕನ್ನಡಿಗರಿಗೆ ಪರಿಚಿತರಾಗಿದ್ದ ಸ್ನೇಹಲತಾ ರೆಡ್ಡಿ ಬೆಂಗಳೂರಿನ ಸೆರೆಮನೆಯಲ್ಲಿ ನರಳಿ, ಬಿಡುಗಡೆಯಾದ ಕೆಲವೇ ದಿನಗಳಲ್ಲಿ, ೧೯೭೭ರ ಜನವರಿಯಲ್ಲಿ ತೀರಿಕೊಂಡರು. ಆನಂದ್ ಪಟವರ್ಧನ್ ಅವರ 'ಪ್ರಿಸನರ್ಸ್ ಆಫ್ ಕಾನ್ಷಿಯನ್ಸ್' (೧೯೭೮) ರಾಜಕೀಯ ಕೈದಿಗಳ ಮಾತನ್ನು ತೆರೆಗೆ ತಂದಿತು. ಮಥುರಾ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ನೀಡಿದ ತೀರ್ಪನ್ನು ಪ್ರಶ್ನಿಸಿ ೧೯೭೯ರಲ್ಲಿ ಕಾನೂನು ಪ್ರಾಧ್ಯಾಪಕರು ಬರೆದ ಬಹಿರಂಗ ಪತ್ರ ದೇಶದಾದ್ಯಂತ ಮಹಿಳಾ ಸಂಘಟನೆಗಳನ್ನು ಬೀದಿಗೆ ತಂದಿತು. ಅದೇ ೧೯೭೯ರಲ್ಲಿ ಕರ್ನಾಟಕದಲ್ಲಿ ಬಂಡಾಯ ಸಾಹಿತ್ಯ ಸಂಘಟನೆ ರೂಪುಗೊಂಡಿತು. ದೀಪಾ ಧನರಾಜ್ ಅವರ ಕೆಲಸ ಮೊದಲಾದದ್ದು ಈ ಒತ್ತಡಗಳ ನಡುವೆ.

೩. ಯುಗಾಂತರ್ ಮತ್ತು ನಿಪ್ಪಾಣಿ

೧೯೮೦ರಲ್ಲಿ ಆಭಾ ಭಯ್ಯಾ, ಮೀರಾ ರಾವ್, ದೀಪಾ ಧನರಾಜ್ ಮತ್ತು ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಸೇರಿ 'ಯುಗಾಂತರ್' ಎಂಬ ಚಲನಚಿತ್ರ ಬಳಗವನ್ನು ಕಟ್ಟಿದರು. ಮಣಿ ಕೌಲ್ ಅವರ 'ದುವಿಧಾ' (೧೯೭೩) ಚಿತ್ರಕ್ಕೆ ಛಾಯಾಗ್ರಹಣ ಮಾಡಿದ್ದ ಕಾಂಟ್ರಾಕ್ಟರ್ ಮುಂದೆಯೂ ದೀಪಾ ಅವರ ಕೆಲಸದ ಸಂಗಾತಿಯಾಗಿ ಉಳಿದರು. ೨೦೨೩ರಲ್ಲಿ ಅವರು ಅಪಘಾತದಲ್ಲಿ ತೀರಿಕೊಂಡರು. ಬಳಗ ೧೯೮೩ರೊಳಗೆ ನಾಲ್ಕು ಕಿರುಚಿತ್ರಗಳನ್ನು ಮಾಡಿತು: ಪುಣೆಯ ಮನೆಗೆಲಸದ ಹೆಂಗಸರ ಸಂಘಟನೆಯ ಕುರಿತ 'ಮೋಲ್ಕರೀಣ್' (೧೯೮೧), ನಿಪ್ಪಾಣಿಯ ಹೊಗೆಸೊಪ್ಪಿನ ವಖಾರಿಗಳ ಹೆಂಗಸರ ಕುರಿತ 'ತಂಬಾಕು ಚಾಕೀಲ ಊಬ್ ಆಲಿ' (೧೯೮೨), ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯೊಡಗೂಡಿ ಕೌಟುಂಬಿಕ ಹಿಂಸೆಯನ್ನು ಕುರಿತು ಮಾಡಿದ ತೆಲುಗಿನ 'ಇದಿ ಕಥಾ ಮಾತ್ರಮೇನಾ' (೧೯೮೩), ಚಿಪ್ಕೋ ಚಳವಳಿಯ ಕಾರ್ಯಕರ್ತೆಯೊಬ್ಬರನ್ನು ಕುರಿತ 'ಸುದೇಶಾ' (೧೯೮೩). ಇವುಗಳಲ್ಲಿ ಎರಡನೆಯದು ಕರ್ನಾಟಕದ ನೆಲದ್ದು. ಆದ್ದರಿಂದ ಅದನ್ನು ತುಸು ವಿವರವಾಗಿ ನೋಡಬೇಕು.

ಆಗ ಬೆಳಗಾವಿ ಜಿಲ್ಲೆಯ ಚಿಕ್ಕೋಡಿ ತಾಲ್ಲೂಕಿಗೆ ಸೇರಿದ್ದ ನಿಪ್ಪಾಣಿ, ಬೀಡಿ ಹೊಗೆಸೊಪ್ಪಿನ ವ್ಯಾಪಾರಕ್ಕೆ ಹೆಸರಾದ ಪಟ್ಟಣ. ಬಿಸಿಲಲ್ಲಿ ಒಣಗಿಸಿದ ಎಲೆಯನ್ನು ಬಡಿದು, ಪುಡಿಮಾಡಿ, ಜರಡಿ ಹಿಡಿದು, ದರ್ಜೆಗೆ ತಕ್ಕಂತೆ ಬೇರ್ಪಡಿಸುವ ಕೆಲಸವನ್ನು ವಖಾರಿಗಳಲ್ಲಿ ಮಾಡುತ್ತಿದ್ದವರು ಹೆಂಗಸರು. ಮೂಗಿಗೆ ಬಟ್ಟೆ ಕಟ್ಟಿಕೊಂಡರೂ ಒಳಹೋಗುವ ಧೂಳು, ಮುಗಿಯದ ಕೆಮ್ಮು, ಅಲ್ಪ ಕೂಲಿ, ಮೇಸ್ತ್ರಿಯ ಮರ್ಜಿ ಇವು ಅವರ ನಿತ್ಯದ ಬದುಕು. ಬೀಡಿ ಮತ್ತು ಸಿಗಾರ್ ಕಾರ್ಮಿಕರ ಕಾಯಿದೆ ೧೯೬೬ರಲ್ಲೇ ಬಂದಿದ್ದರೂ, ಕಾಯಿದೆ ವಖಾರಿಯ ಬಾಗಿಲು ದಾಟಿ ಒಳಗೆ ಬರಬೇಕಾದರೆ ಕೆಲಸಗಾರರು ಒಟ್ಟಾಗಬೇಕಿತ್ತು. ಚಿಕ್ಕೋಡಿ ತಾಲ್ಲೂಕು ಕಾಮಗಾರ್ ಮಹಾಸಂಘದ ಮೂಲಕ ಅದು ಸಾಧ್ಯವಾಯಿತು. ಮೂರು ಸಾವಿರಕ್ಕೂ ಹೆಚ್ಚು ಹೆಂಗಸರು ಸಂಘಟಿತರಾದರು, ಮುಷ್ಕರ ಹೂಡಿದರು. ೧೯೮೧ರಲ್ಲಿ ಅದೇ ನಿಪ್ಪಾಣಿಯಲ್ಲಿ ಬೆಲೆಗಾಗಿ ಹೊಗೆಸೊಪ್ಪಿನ ಬೆಳೆಗಾರರು ಚಳವಳಿ ನಡೆಸಿದರು. ಗೋಲಿಬಾರಿನಲ್ಲಿ ರೈತರು ಪ್ರಾಣ ಕಳೆದುಕೊಂಡರು. ಆ ಚಳವಳಿ ಪತ್ರಿಕೆಗಳ ಮುಖಪುಟಕ್ಕೆ ಬಂತು. ಆದರೆ ಬೆಳೆದವನ ಬೆಲೆಯ ಪ್ರಶ್ನೆಯ ಪಕ್ಕದಲ್ಲೇ, ಬೆಳೆಯನ್ನು ಸರಕಾಗಿಸುವವಳ ಕೂಲಿಯ ಪ್ರಶ್ನೆಯೂ ಇತ್ತು. ಯುಗಾಂತರ್ ಆರಿಸಿಕೊಂಡದ್ದು ಈ ಎರಡನೆಯದನ್ನು.

ಬಳಗದವರು ನಾಲ್ಕು ತಿಂಗಳ ಕಾಲ ಆ ಹೆಂಗಸರ ನಡುವೆ ಇದ್ದರು. ಏನನ್ನು ತೋರಿಸಬೇಕು, ಯಾವ ಕ್ರಮದಲ್ಲಿ ಹೇಳಬೇಕು ಎಂಬುದನ್ನು ಅವರೊಡನೆ ಕುಳಿತು ಚರ್ಚಿಸಿದರು. ಮುಗಿದುಹೋದ ಘಟನೆಗಳನ್ನು ಅವರಿಂದಲೇ ಮತ್ತೆ ಅಭಿನಯಿಸಿ ಚಿತ್ರೀಕರಿಸುವ ವಿಧಾನವನ್ನೂ ಬಳಸಿಕೊಂಡರು. ಹೀಗೆ ಕೂಡಿಬಂದ ಚಿತ್ರದ ಅವಧಿ ಅರ್ಧ ಗಂಟೆಗೂ ಕಡಿಮೆ. ಈ ಪ್ರಮಾಣವನ್ನು ಗಮನಿಸಬೇಕು. ತಿಂಗಳುಗಟ್ಟಲೆ ಕೇಳಿಸಿಕೊಂಡದ್ದು ನಿಮಿಷಗಳಲ್ಲಿ ತೆರೆಯ ಮೇಲೆ ಬರುತ್ತದೆ. ಆದರೆ ಆ ಕೇಳುವಿಕೆಯಿಂದಾಗಿಯೇ ಹಿನ್ನೆಲೆಯ ಮಾತಿನ ಸ್ವರೂಪ ಬೇರೆಯಾಗಿದೆ. ಫಿಲ್ಮ್ಸ್ ಡಿವಿಜನ್‌ನ ಕಂಠ ದೃಶ್ಯದ ಹೊರಗೆ, ಮೇಲೆ ನಿಂತು ಅರ್ಥ ಹೇಳುತ್ತಿತ್ತು. ಇಲ್ಲಿ ದನಿ ದುಡಿಮೆಯ ಒಳಗಿನಿಂದ ಬರುತ್ತದೆ. ಜರಡಿ ಹಿಡಿಯುವ ಕೈಯನ್ನು ನಾವು ನೋಡುತ್ತಿರುವಾಗ ಆ ಕೈಯ ಅನುಭವವೇ ಮಾತಾಗುತ್ತದೆ. ಪ್ರೇಕ್ಷಕನಲ್ಲಿ ಕರುಣೆ ಹುಟ್ಟಿಸುವ ಅವಸರ ಚಿತ್ರಕ್ಕಿಲ್ಲ. ಹೆಂಗಸರು ತಮ್ಮ ಕಷ್ಟವನ್ನು ಹೇಳಿಕೊಳ್ಳುವುದಕ್ಕಿಂತ ಹೆಚ್ಚಾಗಿ ತಾವು ಮಾಡಿದ ಲೆಕ್ಕಾಚಾರವನ್ನು ಹೇಳುತ್ತಾರೆ: ಹೇಗೆ ಒಟ್ಟಾದೆವು, ಯಾವಾಗ ಹೆದರಿದೆವು, ಹೆದರಿಕೆ ಹೇಗೆ ಹೋಯಿತು. ದುಡಿಯುವವಳನ್ನು ಯೋಚಿಸುವವಳಾಗಿ ಕಾಣಿಸಿದ್ದು ಈ ಚಿತ್ರದ ಮುಖ್ಯ ಸಾಧನೆ.

ಇನ್ನೊಂದು ಸಂಗತಿ ಇದಕ್ಕೆ ಪೂರಕವಾಗಿದೆ. ಚಿತ್ರ ಮುಗಿದ ಮೇಲೆ ಬಳಗ ಅದನ್ನು ಉತ್ಸವಗಳಿಗಷ್ಟೇ ಮೀಸಲಿಡಲಿಲ್ಲ. ೧೬ ಎಂ.ಎಂ. ಪ್ರೊಜೆಕ್ಟರನ್ನು ಹೊತ್ತು ಸಂಘಟನೆಗಳ ಸಭೆಗಳಲ್ಲಿ ತೋರಿಸಿತು. ಒಂದು ಊರಿನ ಕೆಲಸಗಾರ್ತಿಯರ ಅನುಭವ ಇನ್ನೊಂದು ಊರಿನವರ ಚರ್ಚೆಗೆ ಸಾಮಗ್ರಿಯಾಯಿತು. ಮೊದಲು ಕೇಳುವುದು, ಆಮೇಲೆ ಚಿತ್ರಿಸುವುದು, ಕೊನೆಗೆ ಹಿಂದಿರುಗಿಸುವುದು ಎಂಬ ಈ ಕ್ರಮವೇ ದೀಪಾ ಧನರಾಜ್ ಅವರ ಕಲೆಯ ಬುನಾದಿ. ಮುಂದಿನ ಚಿತ್ರಗಳಲ್ಲಿ ವಸ್ತು ಬದಲಾಯಿತು, ಬಳಗ ಚದುರಿತು, ತಂತ್ರಜ್ಞಾನ ಬದಲಾಯಿತು. ಈ ಕ್ರಮ ಮಾತ್ರ ಉಳಿಯಿತು.

೪. ಊರು, ದೇಹ, ನ್ಯಾಯ

೧೯೮೪ರಲ್ಲಿ ಹೈದರಾಬಾದು ಕೋಮುಗಲಭೆಗೆ ತುತ್ತಾಯಿತು. ಆ ವರ್ಷದ ಆಗಸ್ಟ್‌ನಲ್ಲಿ ಎನ್. ಟಿ. ರಾಮರಾವ್ ಸರ್ಕಾರವನ್ನು ವಜಾ ಮಾಡಿ ಸೆಪ್ಟೆಂಬರಿನಲ್ಲಿ ಮತ್ತೆ ಅಧಿಕಾರಕ್ಕೆ ತಂದ ರಾಜಕೀಯ ಕೋಲಾಹಲದ ಕಾಲ ಅದು. ಹೈದರಾಬಾದ್ ಏಕತಾ ಸಂಘಟನೆಯ ಸಹಯೋಗದಲ್ಲಿ ದೀಪಾ ಮಾಡಿದ 'ಕ್ಯಾ ಹುವಾ ಇಸ್ ಶಹರ್ ಕೋ?' (೧೯೮೬) ಗಲಭೆಯನ್ನು ಎರಡು ಧರ್ಮಗಳ ನಡುವಿನ ಸಹಜ ದ್ವೇಷದ ಸ್ಫೋಟವೆಂದು ನೋಡುವ ಸುಲಭದ ವಿವರಣೆಯನ್ನು ಒಪ್ಪುವುದಿಲ್ಲ. ಮೆರವಣಿಗೆ, ಭಾಷಣ, ಅಧಿಕಾರದ ಪೈಪೋಟಿ ಒಂದು ಕಡೆ. ಕರ್ಫ್ಯೂವಿನಿಂದ ಕೂಲಿ ತಪ್ಪಿದ ಮನೆಗಳು ಇನ್ನೊಂದು ಕಡೆ. ನಾಯಕರ ಮಾತೂ ಸಂತ್ರಸ್ತರ ಮಾತೂ ಪಕ್ಕಪಕ್ಕದಲ್ಲಿ ನಿಂತಾಗ ಯಾವುದಕ್ಕೆ ಎಷ್ಟು ತೂಕ ಎಂಬುದನ್ನು ಪ್ರೇಕ್ಷಕನೇ ನಿರ್ಧರಿಸಬೇಕಾಗುತ್ತದೆ.

'ಸಮ್‌ಥಿಂಗ್ ಲೈಕ್ ಎ ವಾರ್' (೧೯೯೧) ಅವರ ಅತ್ಯಂತ ಹೆಚ್ಚು ಚರ್ಚೆಗೊಳಗಾದ ಚಿತ್ರ. ೧೯೫೨ರಲ್ಲಿ ಆರಂಭವಾದ ಕುಟುಂಬ ಯೋಜನೆಯ ಸರ್ಕಾರಿ ಕಾರ್ಯಕ್ರಮ ಗುರಿ ಮುಟ್ಟುವ ಓಟವಾಗಿ ಮಾರ್ಪಟ್ಟದ್ದನ್ನು, ಆ ಓಟದ ಹೊರೆ ಹೆಂಗಸಿನ ದೇಹದ ಮೇಲೆ ಬಿದ್ದದ್ದನ್ನು ಅದು ದಾಖಲಿಸುತ್ತದೆ. ಚಿತ್ರದ ರಚನೆ ಎರಡು ಸ್ಥಳಗಳ ನಡುವೆ ಓಡಾಡುತ್ತದೆ. ಒಂದು, ಸಂತಾನಹರಣ ಶಸ್ತ್ರಚಿಕಿತ್ಸೆಯ ಶಿಬಿರ. ಅಲ್ಲಿ ಹೆಂಗಸರು ಒಬ್ಬರಾದ ಮೇಲೊಬ್ಬರಂತೆ ಮೇಜಿನ ಮೇಲೆ ಮಲಗಿ ಏಳುತ್ತಾರೆ, ವೈದ್ಯರು ತಮ್ಮ ವೇಗದ ಬಗ್ಗೆ ಹೆಮ್ಮೆಪಡುತ್ತಾರೆ. ಇನ್ನೊಂದು, ಹಳ್ಳಿಯ ಹೆಂಗಸರು ನೆಲದ ಮೇಲೆ ಕುಳಿತು ದೇಹ, ಮುಟ್ಟು, ಬಸಿರು, ಬಯಕೆಗಳ ಬಗ್ಗೆ ನಿಸ್ಸಂಕೋಚವಾಗಿ ಮಾತನಾಡುವ ಕೂಟ. ಶಿಬಿರದಲ್ಲಿ ಅಂಕಿಯಾಗಿದ್ದ ಹೆಂಗಸು ಕೂಟದಲ್ಲಿ ವ್ಯಕ್ತಿಯಾಗುತ್ತಾಳೆ. ಸರ್ಕಾರ ಗುರಿ ನಿಗದಿಯ ಪದ್ಧತಿಯನ್ನು ೧೯೯೬ರಲ್ಲಿ ಅಧಿಕೃತವಾಗಿ ಕೈಬಿಟ್ಟಿತು. ಆದರೂ ೨೦೧೪ರಲ್ಲಿ ಛತ್ತೀಸಗಢದ ಬಿಲಾಸಪುರದಲ್ಲಿ ಇಂಥದೇ ಶಿಬಿರದ ನಂತರ ಹೆಂಗಸರು ಸತ್ತರು. ೨೦೧೬ರಲ್ಲಿ ಸರ್ವೋಚ್ಚ ನ್ಯಾಯಾಲಯ ಶಿಬಿರ ಪದ್ಧತಿಯನ್ನೇ ಕೊನೆಗಾಣಿಸಬೇಕೆಂದು ಆದೇಶಿಸಿತು. ೧೯೯೧ರ ಚಿತ್ರ ಹೇಳಿದ್ದನ್ನು ವ್ಯವಸ್ಥೆ ಕೇಳಿಸಿಕೊಳ್ಳಲು ತೆಗೆದುಕೊಂಡ ಕಾಲ ಇಪ್ಪತ್ತೈದು ವರ್ಷ.

ಮುಂದಿನ ಚಿತ್ರಗಳಲ್ಲಿ ನ್ಯಾಯದ ಪ್ರಶ್ನೆ ಮುನ್ನೆಲೆಗೆ ಬರುತ್ತದೆ. ಮಾನವ ಹಕ್ಕುಗಳ ನ್ಯಾಯವಾದಿ ಕೆ. ಜಿ. ಕಣ್ಣಬಿರಾನ್ ಅವರನ್ನು ಕುರಿತ 'ದಿ ಅಡ್ವೊಕೇಟ್' (೨೦೦೭), ತಮಿಳುನಾಡಿನ ಮುಸ್ಲಿಂ ಮಹಿಳಾ ಜಮಾತನ್ನು ಕುರಿತ 'ಇನ್ವೋಕಿಂಗ್ ಜಸ್ಟಿಸ್' (೨೦೧೧), ಹೈದರಾಬಾದ್ ವಿಶ್ವವಿದ್ಯಾಲಯದ ಸಂಶೋಧಕ ರೋಹಿತ್ ವೇಮುಲ ೨೦೧೬ರ ಜನವರಿಯಲ್ಲಿ ಸಾವಿಗೀಡಾದ ನಂತರದ ವಿದ್ಯಾರ್ಥಿ ಚಳವಳಿಯನ್ನು ಕುರಿತ 'ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ' (೨೦೧೮) ಈ ಸಾಲಿನವು. ಕಾನೂನು ಇದ್ದೂ ನ್ಯಾಯ ದೊರೆಯದವರು ತಮ್ಮದೇ ವೇದಿಕೆಯನ್ನು ಹೇಗೆ ಕಟ್ಟಿಕೊಳ್ಳುತ್ತಾರೆ ಎಂಬ ಕುತೂಹಲ ಇವುಗಳನ್ನು ಒಂದುಗೂಡಿಸುತ್ತದೆ. ನಿಪ್ಪಾಣಿಯ ಸಂಘದಲ್ಲಿ ಕಂಡ ಬೀಜವೇ ಇಲ್ಲಿ ಬೆಳೆದಿದೆ.

೫. ಹಾಸನ ಸೀಮೆಯ ಓದು

ಈ ಚಿತ್ರಗಳನ್ನು ಹಾಸನ ಸೀಮೆಯ ಸಾಹಿತ್ಯದ ಪಕ್ಕದಲ್ಲಿಟ್ಟು ನೋಡಲು ಸಾಕಷ್ಟು ಆಧಾರಗಳಿವೆ. ಹೇಮಾವತಿ ದಂಡೆಯ ಗೊರೂರು ರಾಮಸ್ವಾಮಿ ಅಯ್ಯಂಗಾರ್ ಅವರ 'ಹಳ್ಳಿಯ ಚಿತ್ರಗಳು' ಕನ್ನಡ ಗದ್ಯದಲ್ಲಿ ದಾಖಲೆಯ ಪ್ರವೃತ್ತಿಗೆ ಒಳ್ಳೆಯ ಮಾದರಿ. ಊರಿನ ಜನ, ಅವರ ಮಾತಿನ ಧಾಟಿ, ನಿತ್ಯದ ಸಣ್ಣ ಪ್ರಸಂಗಗಳು ಅಲ್ಲಿ ಪ್ರೀತಿಯಿಂದ ಚಿತ್ರಿತವಾಗಿವೆ. ಆದರೆ ನೋಡುವ ಕಣ್ಣು ಒಬ್ಬ ವಿನೋದಪ್ರಿಯ ನಿರೂಪಕನದು. ಅರಕಲಗೂಡನ್ನು ಹೆಸರಿನಲ್ಲೇ ಹೊತ್ತ ಅ.ನ.ಕೃ. 'ನಗ್ನಸತ್ಯ', 'ಶನಿಸಂತಾನ', 'ಸಂಜೆಗತ್ತಲು' ಕಾದಂಬರಿಗಳಲ್ಲಿ ವೇಶ್ಯಾವೃತ್ತಿಯ ಸಮಸ್ಯೆಯನ್ನು ಎತ್ತಿಕೊಂಡರು, ಅಶ್ಲೀಲತೆಯ ಆರೋಪವನ್ನು ಎದುರಿಸಿದರು. ಪ್ರಗತಿಶೀಲ ಚಳವಳಿಯ ಧೈರ್ಯ ದೊಡ್ಡದು. ಆದರೂ ಅಲ್ಲಿ ಶೋಷಿತೆಯ ಪರವಾಗಿ ವಾದಿಸುವವನು ಲೇಖಕನೇ. ಈ ನೆಲೆಗೂ ಯುಗಾಂತರ್‌ನ ನೆಲೆಗೂ ಇರುವ ಅಂತರವನ್ನು ಅರಿತಾಗ ಎರಡರ ಮಹತ್ವವೂ ಸ್ಪಷ್ಟವಾಗುತ್ತದೆ.

ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರದಲ್ಲಿ ಹುಟ್ಟಿದ ಎಸ್. ಎಲ್. ಭೈರಪ್ಪನವರ 'ಗೃಹಭಂಗ' (೧೯೭೦) ಇನ್ನೊಂದು ದಾರಿ ತೋರುತ್ತದೆ. ಅದರ ನಂಜಮ್ಮ ಗಂಡನ ಹೆಸರಿನಲ್ಲಿರುವ ಶಾನುಭೋಗಿಕೆಯ ಲೆಕ್ಕವನ್ನು ತಾನು ಬರೆಯುತ್ತಾಳೆ. ಸಂಸಾರ ನಡೆಯುವುದು ಅವಳ ಕೈಬರಹದಿಂದ. ದಫ್ತರದಲ್ಲಿರುವುದು ಗಂಡನ ಹೆಸರು. ದುಡಿಮೆ ಒಬ್ಬರದು, ದಾಖಲೆ ಇನ್ನೊಬ್ಬರದು ಎಂಬ ಈ ವೈರುಧ್ಯವನ್ನು ಕನ್ನಡ ಕಾದಂಬರಿ ಇಷ್ಟು ನಿಖರವಾಗಿ ಹಿಡಿದದ್ದು ವಿರಳ. ನಿಪ್ಪಾಣಿಯ ಚಿತ್ರ ಕೇಳುವುದೂ ಇದನ್ನೇ: ಸರಕಿನ ಮೇಲೆ ವ್ಯಾಪಾರಿಯ ಮುದ್ರೆಯಿದೆ, ಅದನ್ನು ಹದಮಾಡಿದವಳ ಗುರುತು ಎಲ್ಲಿದೆ?

ಈ ಪ್ರಶ್ನೆ ಅರಕಲಗೂಡಿಗೂ, ಅದಕ್ಕೆ ತಾಗಿದ ಹೊಳೆನರಸೀಪುರದ ಕೆಲವು ಭಾಗಗಳಿಗೂ ನೇರವಾಗಿ ಸಂಬಂಧಿಸಿದ್ದು. ಇಲ್ಲಿ ಬೆಳೆಯುವುದು ಬೀಡಿ ಹೊಗೆಸೊಪ್ಪಲ್ಲ, ಸಿಗರೇಟಿಗೆ ಬಳಸುವ ವರ್ಜೀನಿಯಾ ತಳಿ. ನಿಪ್ಪಾಣಿಯಲ್ಲಿ ಕೆಲಸ ವಖಾರಿಯದಾದರೆ ಇಲ್ಲಿ ಹೊಲ ಮತ್ತು ಬ್ಯಾರನ್ನಿನದು. ಎಲೆ ಬಿಡಿಸಿ, ಕಡ್ಡಿಗೆ ಕಟ್ಟಿ, ಬ್ಯಾರನ್ನಿಗೆ ಏರಿಸಿ, ಸೌದೆಯ ಕಾವಿನಲ್ಲಿ ದಿನಗಟ್ಟಲೆ ಹದಗೊಳಿಸಿ, ಬಣ್ಣ ಮತ್ತು ದರ್ಜೆ ನೋಡಿ ಬೇರ್ಪಡಿಸಿ, ಬೇಲು ಕಟ್ಟಿ ರಾಮನಾಥಪುರದ ಹರಾಜು ಮಾರುಕಟ್ಟೆಗೆ ಒಯ್ಯಬೇಕು. ೧೯೭೫ರ ಕಾಯಿದೆಯಂತೆ ರಚನೆಯಾದ ತಂಬಾಕು ಮಂಡಳಿಯಲ್ಲಿ ಬೆಳೆಗಾರನ ನೋಂದಣಿಯಿದೆ, ಬ್ಯಾರನ್ನಿನ ಪರವಾನಗಿಯಿದೆ, ಪ್ರತಿ ಬೇಲಿನ ತೂಕ ಮತ್ತು ಬೆಲೆಯ ಲೆಕ್ಕವಿದೆ. ಕಡ್ಡಿಗೆ ಎಲೆ ಕಟ್ಟುವ, ದರ್ಜೆ ಬೇರ್ಪಡಿಸುವ ಹೆಂಗಸಿನ ಹೆಸರು ಆ ಲೆಕ್ಕದಲ್ಲಿ ಬರುವುದಿಲ್ಲ. ಹಸಿ ಎಲೆಯ ನಿಕೋಟಿನ್ ಚರ್ಮದ ಮೂಲಕ ಇಳಿದು ತಲೆಸುತ್ತು, ವಾಂತಿ ತರುತ್ತದೆ ಎಂಬುದು ವೈದ್ಯಶಾಸ್ತ್ರಕ್ಕೆ ಗೊತ್ತಿರುವ ಸಂಗತಿ. ಹರಾಜಿನಲ್ಲಿ ಬೆಲೆ ಕುಸಿದಾಗ ರೈತರ ಪ್ರತಿಭಟನೆ ಸುದ್ದಿಯಾಗುತ್ತದೆ, ಆಗಬೇಕಾದದ್ದೇ. ಆದರೆ ಮನೆಯವಳ ದುಡಿಮೆ ಮನೆಗೆಲಸದ ಮುಂದುವರಿಕೆಯೆಂಬಂತೆಯೂ ಕೂಲಿಯವಳ ದುಡಿಮೆ ಹಂಗಾಮಿನ ಖರ್ಚೆಂಬಂತೆಯೂ ಕರಗಿಹೋಗುತ್ತದೆ. ವಖಾರಿಯಲ್ಲಿ ಸಾವಿರಾರು ಹೆಂಗಸರು ಒಂದೆಡೆ ಸೇರುತ್ತಿದ್ದುದರಿಂದ ಸಂಘಟನೆ ಸಾಧ್ಯವಾಯಿತು. ಬ್ಯಾರನ್ನುಗಳು ಊರೂರಿಗೆ, ಹೊಲಹೊಲಕ್ಕೆ ಚದುರಿರುವುದರಿಂದ ಇಲ್ಲಿ ಅದು ಕಷ್ಟ. ನಿಪ್ಪಾಣಿಯ ಚಿತ್ರವನ್ನು ರಾಮನಾಥಪುರದಲ್ಲಿ ತೋರಿಸಿದರೆ ಈ ಸಾಮ್ಯ ಮತ್ತು ವ್ಯತ್ಯಾಸಗಳ ಕುರಿತು ವಿದ್ವಾಂಸರಿಗಿಂತ ಮೊದಲು ಮಾತನಾಡುವವರು ಕಡ್ಡಿ ಕಟ್ಟುವವರೇ.

ಹಾಸನ ನಗರದ ನ್ಯಾಯವಾದಿ ಮತ್ತು ಲೇಖಕಿ ಬಾನು ಮುಷ್ತಾಕ್ ಅವರ ಕಥನದೊಂದಿಗಿನ ಸಂಬಂಧ ಇನ್ನೂ 'ಆಪ್ತ'ವಾದುದು. ಬಂಡಾಯ ಸಾಹಿತ್ಯದ ಹಿನ್ನೆಲೆಯಿಂದ ಬಂದ ಅವರ ಕಥೆಗಳ ಇಂಗ್ಲಿಷ್ ಅನುವಾದ 'ಹಾರ್ಟ್ ಲ್ಯಾಂಪ್' ದೀಪಾ ಭಾಸ್ತಿ ಅವರ ಮೂಲಕ ೨೦೨೫ರಲ್ಲಿ ಅಂತರರಾಷ್ಟ್ರೀಯ ಬುಕರ್ ಪ್ರಶಸ್ತಿ ಪಡೆಯಿತು. ಅವರ 'ಕರಿ ನಾಗರಗಳು' ಕಥೆಯನ್ನು ಆಧರಿಸಿ ಗಿರೀಶ್ ಕಾಸರವಳ್ಳಿ ೨೦೦೪ರಲ್ಲಿ 'ಹಸೀನಾ' ಚಿತ್ರ ಮಾಡಿದರು. ಗಂಡನಿಂದ ತ್ಯಕ್ತಳಾದ ಹೆಂಗಸು ಕಾಯಿಲೆಯ ಮಗುವಿನೊಡನೆ ಮಸೀದಿಯ ಮುಂದೆ ನ್ಯಾಯ ಬೇಡಿ ಕೂರುತ್ತಾಳೆ. ನ್ಯಾಯ ಹೇಳಬೇಕಾದ ಮುತವಲ್ಲಿ ನುಣುಚಿಕೊಳ್ಳುತ್ತಾನೆ. ಆ ಅಂಗಳದಲ್ಲಿ ಅವಳು ಒಂಟಿ.

'ಇನ್ವೋಕಿಂಗ್ ಜಸ್ಟಿಸ್' ಈ ಕಥೆ ನಿಲ್ಲುವಲ್ಲಿಂದ ಹೊರಡುವಂತೆ ತೋರುತ್ತದೆ. ಗಂಡಸರಷ್ಟೇ ಕೂರುವ ಜಮಾತ್ ಹೆಂಗಸರ ದೂರನ್ನು ಅವರ ಗೈರುಹಾಜರಿಯಲ್ಲೇ ತೀರ್ಮಾನಿಸುವುದನ್ನು ವಿರೋಧಿಸಿ, ಪುದುಕ್ಕೋಟೆಯಲ್ಲಿ ದಾವೂದ್ ಶರೀಫಾ ಖಾನಂ ಮುಂತಾದವರು ೨೦೦೪ರಲ್ಲಿ ಮಹಿಳೆಯರದೇ ಜಮಾತ್ ಕಟ್ಟಿದರು. ತಲಾಖ್, ಜೀವನಾಂಶ, ಹಿಂಸೆಯ ದೂರುಗಳನ್ನು ಅದು ಕೈಗೆತ್ತಿಕೊಂಡಿತು. ಕಾಸರವಳ್ಳಿಯವರ ಚಿತ್ರ ತೆರೆಕಂಡ ವರ್ಷವೂ ಈ ಜಮಾತ್ ಹುಟ್ಟಿದ ವರ್ಷವೂ ಒಂದೇ ಆಗಿರುವುದು ಕಾಕತಾಳೀಯ. ಆದರೆ ಹಾಸನದ ಕಥೆಗಾರ್ತಿ ಕಂಡ ಸಂಕಟ ಕಲ್ಪನೆಯದಲ್ಲ ಎಂಬುದಕ್ಕೆ ಪುದುಕ್ಕೋಟೆಯ ಹೆಂಗಸರು ಸಾಕ್ಷಿ. ಸಾಕ್ಷ್ಯಚಿತ್ರದಲ್ಲಿ ನಾವು ಕಾಣುವುದು ಸಂಘಟಿತ ದನಿ. ಅದಕ್ಕೆ ಮುಂಚಿನ ಒಂಟಿತನದ ಒಳಗನ್ನು ತೋರಬಲ್ಲದ್ದು ಕಥೆ. ಒಂದರ ಕೊರತೆಯನ್ನು ಇನ್ನೊಂದು ತುಂಬುತ್ತದೆ.

ದೃಶ್ಯಮಾಧ್ಯಮ ಈ ಸೀಮೆಯನ್ನು ನೋಡದೆ ಇಲ್ಲ. ೧೯೮೧ರ ಶ್ರವಣಬೆಳಗೊಳದ ಸಹಸ್ರಾಬ್ದಿ ಮಹಾಮಸ್ತಕಾಭಿಷೇಕ ದೇಶದ ಗಮನ ಸೆಳೆಯಿತು. ಗೊರೂರಿನ ಹೇಮಾವತಿ ಜಲಾಶಯದ ಹಿನ್ನೀರಿನಲ್ಲಿ ಅರೆಮುಳುಗಿ ನಿಲ್ಲುವ ಶೆಟ್ಟಿಹಳ್ಳಿಯ ಪಾಳುಚರ್ಚು ಪ್ರತಿ ಮಳೆಗಾಲದಲ್ಲಿ ಸಾವಿರಾರು ಕ್ಯಾಮೆರಾಗಳಿಗೆ ವಸ್ತುವಾಗುತ್ತದೆ. ಮುಳುಗುವ ಗೋಡೆಯ ಚೆಲುವನ್ನು ಚಿತ್ರಿಸಿದವರು ಮುಳುಗಡೆಯಿಂದ ಎದ್ದುಹೋದ ಹಳ್ಳಿಗಳವರನ್ನು ಮಾತನಾಡಿಸುವುದು ಕಡಿಮೆ. ನೋಟ ಬೇಕಾದಷ್ಟಿದೆ, ಕೇಳುವಿಕೆ ಇಲ್ಲ. ದೀಪಾ ಧನರಾಜ್ ಅವರ ಮಾದರಿ ಪ್ರಸ್ತುತವಾಗುವುದು ಈ ಕಾರಣಕ್ಕೆ.

೬. ಮಿತಿಗಳು ಮತ್ತು ಉಪಸಂಹಾರ

ಈ ಚಿತ್ರಗಳ ಮಿತಿಗಳನ್ನೂ ಹೇಳಬೇಕು. ಚಳವಳಿಯ ಒಳಗಿದ್ದು ಮಾಡಿದ ಚಿತ್ರಕ್ಕೆ ಚಳವಳಿಯ ಒಳಜಗಳಗಳನ್ನು ತೋರುವುದು ಕಷ್ಟ. ಯುಗಾಂತರ್‌ನ ಚಿತ್ರಗಳಲ್ಲಿ 'ನಾವು' ಎಂಬುದರ ಒಳಗಿನ ಜಾತಿ, ಧರ್ಮ, ಭಾಷೆಗಳ ಭಿನ್ನತೆ ಹಿನ್ನೆಲೆಗೆ ಸರಿಯುತ್ತದೆ. ಗಡಿವಿವಾದದ ಕಾವಿನಲ್ಲಿದ್ದ ನಿಪ್ಪಾಣಿಯಲ್ಲಿ ಕೆಲಸಗಾರ್ತಿಯರ ಮಾತು ಮರಾಠಿಯಾಗಿಯೇ ಕೇಳಿಸುತ್ತದೆ. ಕನ್ನಡ ಮರಾಠಿ ಕಲೆತ ಆ ಊರಿನ ಭಾಷಿಕ ಬದುಕು ಚಿತ್ರದ ಕಾಳಜಿಯಾಗಿಲ್ಲ. ಮೂವತ್ತು ವರ್ಷಗಳ ನಂತರದ ಚಿತ್ರಗಳಲ್ಲಿ ಈ ಮಿತಿ ಸಾಕಷ್ಟು ನೀಗಿದೆ. ರೋಹಿತ್ ವೇಮುಲ ಅವರನ್ನು ಕುರಿತ ಚಿತ್ರದಲ್ಲಿ ಜಾತಿಯೇ ಕೇಂದ್ರ ಪ್ರಶ್ನೆ.

ಚಿತ್ರಗಳ ಮಿತಿಗಿಂತ ದೊಡ್ಡದು ನಮ್ಮ ಸಂಸ್ಥೆಗಳ ಮಿತಿ. ಯುಗಾಂತರ್‌ನ ಚಿತ್ರಗಳ ಹಳೆಯ ಪ್ರತಿಗಳು ದಶಕಗಳ ಕಾಲ ಸವೆದು, ಈಚಿನ ವರ್ಷಗಳಲ್ಲಿ ಬರ್ಲಿನ್ನಿನ ಆರ್ಸೆನಲ್ ಸಂಸ್ಥೆಯ ಸಹಯೋಗದಲ್ಲಿ ಡಿಜಿಟಲ್ ರೂಪದಲ್ಲಿ ಪುನರುಜ್ಜೀವಗೊಂಡವು. ನಿಪ್ಪಾಣಿಯ ಹೆಂಗಸರ ದನಿಯನ್ನು ಉಳಿಸಿಕೊಟ್ಟದ್ದಕ್ಕೆ ಆ ಸಂಸ್ಥೆಗೆ ಕೃತಜ್ಞರಾಗಿರಬೇಕು. ಆದರೆ ಕರ್ನಾಟಕದ ದುಡಿಮೆಯ ದಾಖಲೆಗೆ ಕರ್ನಾಟಕದಲ್ಲಿ ಒಂದು ಭಂಡಾರವಿಲ್ಲದಿರುವುದು ನಮ್ಮನ್ನು ಕಾಡಬೇಕಾದ ಸಂಗತಿ. ೨೦೦೯ರಲ್ಲಿ ಸ್ಥಾಪನೆಯಾದ ಕರ್ನಾಟಕ ಚಲನಚಿತ್ರ ಅಕಾಡೆಮಿಯೂ ವಿಶ್ವವಿದ್ಯಾಲಯಗಳೂ ಸೇರಿ ಮಾಡಬಹುದಾದ ಕೆಲಸಗಳು ಸ್ಪಷ್ಟವಾಗಿವೆ. ಮೊದಲನೆಯದು, ಯಾವ ಭಾಷೆಯಲ್ಲಿದ್ದರೂ ಈ ನೆಲದಲ್ಲಿ ತಯಾರಾದ ಸಾಕ್ಷ್ಯಚಿತ್ರಗಳ ಪಟ್ಟಿ ಮತ್ತು ಸಂಗ್ರಹ. ಎರಡನೆಯದು, ಅವುಗಳಿಗೆ ಕನ್ನಡ ಉಪಶೀರ್ಷಿಕೆ. ಮೂರನೆಯದು, ತಾಲ್ಲೂಕು ಮಟ್ಟದ ಪ್ರದರ್ಶನ ಮತ್ತು ಚರ್ಚೆ. ಇವು ದೊಡ್ಡ ವೆಚ್ಚದ ಯೋಜನೆಗಳಲ್ಲ. ೧೯೮೨ರಲ್ಲಿ ಒಂದು ಸಣ್ಣ ಬಳಗ ಪ್ರೊಜೆಕ್ಟರ್ ಹೊತ್ತು ಮಾಡಿದ್ದನ್ನು ಇಂದು ಒಂದು ಕಾಲೇಜಿನ ಸಭಾಂಗಣದಲ್ಲಿ ಸುಲಭವಾಗಿ ಮಾಡಬಹುದು.

ಒಟ್ಟಿನಲ್ಲಿ, ದೀಪಾ ಧನರಾಜ್ ಅವರ ಸಾಕ್ಷ್ಯಚಿತ್ರಗಳು ದಾಖಲೆ ಎಂಬ ಪದದ ಅರ್ಥವನ್ನೇ ತಿದ್ದಿವೆ. ದಫ್ತರ, ಹರಾಜಿನ ಪಟ್ಟಿ, ಶಿಬಿರದ ಅಂಕಿಸಂಖ್ಯೆ ಇವೆಲ್ಲವೂ ದಾಖಲೆಗಳೇ. ಆದರೆ ಅವುಗಳಲ್ಲಿ ದುಡಿದವಳು ಇರುವುದಿಲ್ಲ. ಅವಳ ಮಾತನ್ನು ಮೊದಲು ಕೇಳಿ, ಅದನ್ನೇ ಆಧಾರವಾಗಿಸಿ ಚಿತ್ರ ಕಟ್ಟಿ, ಆ ಚಿತ್ರವನ್ನು ಅವಳಂಥವರ ಮುಂದಿಡುವ ಕ್ರಮವನ್ನು ಈ ಕೃತಿಗಳು ಸ್ಥಾಪಿಸಿವೆ. ನಂಜಮ್ಮನ ಲೆಕ್ಕದ ಪುಸ್ತಕವನ್ನೂ ಮಸೀದಿಯ ಅಂಗಳದ ಹೆಂಗಸನ್ನೂ ಕೊಟ್ಟ ಹಾಸನ ಸೀಮೆಗೆ ಈ ಕ್ರಮ ಅಪರಿಚಿತವೇನಲ್ಲ. ಅರಕಲಗೂಡಿನ ಬ್ಯಾರನ್ನಿನ ಮುಂದೆ ಕುಳಿತು ಕಡ್ಡಿ ಕಟ್ಟುವವರ ಮಾತನ್ನು ಅವರದೇ ಕನ್ನಡದಲ್ಲಿ ಕೇಳಿಸಿಕೊಳ್ಳುವ ಸಾಕ್ಷ್ಯಚಿತ್ರವೊಂದು ಈ ಸೀಮೆಯ ಯುವಕ ಯುವತಿಯರಿಂದ ಬಂದರೆ, ನಿಪ್ಪಾಣಿಯಲ್ಲಿ ಆರಂಭವಾದ ಪರಂಪರೆ ಕನ್ನಡದ್ದೂ ಆಗುತ್ತದೆ.